ಕಡ್ಡಿಪೆಟ್ಟಿಗೆಯನ್ನು ಬೈಯಲು ಹೋದದ್ದು

ಸತ್ತವರನ್ನು ಬೈಯಬಾರದು ಅನ್ನುತ್ತಾರೆ. ನನ್ನ ಸಂಕಟವೆಂದರೆ, ಸತ್ತವನೇ ತನ್ನನ್ನು ಬೈಯಬೇಕೆಂದು ನನ್ನಿಂದ ಮಾತು ತೆಗೆದುಕೊಂಡು ಹೋಗಿದ್ದಾನೆ. ಅದೂ ರೇಡಿಯೋದಲ್ಲಿ, ಅವನದೇ ಕಾರ್ಯಕ್ರಮದಲ್ಲಿ, ಒಂದು ಗಂಟೆ ಪೂರ್ತಿ.

ನನ್ನ ಈ ಗೆಳೆಯನನ್ನು ಊರೆಲ್ಲ ಕಡ್ಡಿಪೆಟ್ಟಿಗೆ ಅಂತಲೇ ಕರೆಯುತ್ತಿತ್ತು. ಮೊದಲು ರೇಡಿಯೋದಲ್ಲಿ ಹವಾಮಾನ ವರದಿ ಓದುತ್ತಿದ್ದ. ಮೂರು ವರ್ಷ ಓದಿದರೂ ಯಾರೂ ಒಂದು ಕಾಗದ ಬರೆಯಲಿಲ್ಲ. ಒಂದು ಬೆಳಿಗ್ಗೆ ಬೇಸತ್ತು, "ಮಳೆ ಬರಬಹುದು. ಬಂದರೂ ಈ ಊರಿನ ಗಂಡಸರಿಗೆ ಒಣಗಿದ ಬಟ್ಟೆ ತೆಗೆದು ಮಡಚೋಕೆ ಬರಲ್ಲ" ಅಂದ. ಮಧ್ಯಾಹ್ನದವರೆಗೆ ಫೋನು ನಿಲ್ಲಲಿಲ್ಲ. ಅಲ್ಲಿಂದ ಹದಿನೆಂಟು ವರ್ಷ ದಿನಕ್ಕೊಂದು ಕಡ್ಡಿ ಗೀರಿದ. ಮೇಷ್ಟ್ರುಗಳು, ಅತ್ತೆಯಂದಿರು, ಹಲ್ಲಿನ ಡಾಕ್ಟರುಗಳು, ಯಾರನ್ನೂ ಬಿಡಲಿಲ್ಲ. (ಹಲ್ಲಿನ ಡಾಕ್ಟರನ್ನು ಬೈದ ವಾರವೇ ದವಡೆ ಹಲ್ಲು ಕೈಕೊಟ್ಟಿತು, ಪಕ್ಕದ ಊರಿಗೆ ಹೋಗಿ ಕೀಳಿಸಿಕೊಂಡು ಬಂದ.) ಮನೆಯಲ್ಲಿ ಮಾತ್ರ ಬಟ್ಟೆ ಮಡಚುತ್ತಿದ್ದವನು ಅವನೇ. ಅವನ ಹೆಂಡತಿ, ನಾನು ಅತ್ತಿಗೆ ಅಂತ ಕರೆಯುವವರು, "ಸ್ವಲ್ಪ ಗಟ್ಟಿಯಾಗಿ ಮಾತಾಡ್ರೀ, ಕೇಳಿಸಲ್ಲ" ಅಂತ ಗದರುತ್ತಿದ್ದರು.

ಆಸ್ಪತ್ರೆಯಲ್ಲಿ ನನ್ನ ಕೈ ಹಿಡಿದು ಹೇಳಿದ: "ಲೋ, ನಾನು ಹೋದಮೇಲೆ ಎಲ್ಲರೂ ಹೊಗಳ್ತಾರೆ. ಹೊಗಳಿಕೆ ಕೇಳೋಕೆ ಯಾರು ರೇಡಿಯೋ ಹಾಕ್ತಾರೋ? ನೀನು ಬೈಬೇಕು. ನಲವತ್ತು ವರ್ಷದ ಅಭ್ಯಾಸ ಇದೆಯಲ್ಲ."

ಹೂಂ ಅಂದೆ. ಹೋದ ಸೋಮವಾರ ಬೈಗುಳದ ಪಟ್ಟಿ ಬರೆದು ಹೊರಟೆ. ನನ್ನ ಹೆಂಡತಿ ಇಣುಕಿ ನೋಡಿ, "ಇಷ್ಟೇನಾ? ನನ್ನ ಮೇಲಾದ್ರೆ ಕಾಗದ ಸಾಲ್ತಿರ್ಲಿಲ್ಲ" ಅಂದಳು.

ಮೈಕಿನ ಮುಂದೆ ಕೂತು ಶುರುಮಾಡಿದೆ: "ಕಡ್ಡಿಪೆಟ್ಟಿಗೆ ಮಹಾ ಸುಳ್ಳುಗಾರ. ಜಗಳಗಂಟ." ಮೊದಲ ಫೋನು ನಿವೃತ್ತ ಮೇಷ್ಟ್ರದು. "ಪಾಪ, ದುಃಖದಲ್ಲಿ ಏನೇನೋ ಮಾತಾಡ್ತಿದೀರಿ. ನೀರು ಕುಡೀರಿ." ಎರಡನೆಯದು ಹಲ್ಲಿನ ಡಾಕ್ಟರದು. "ದೇವರಂಥ ಮನುಷ್ಯ!" (ಇವರೇ ಒಮ್ಮೆ ಅವನ ಮೇಲೆ ಕೇಸು ಹಾಕಲು ಹೊರಟಿದ್ದವರು.) ನಾನು ದನಿ ಏರಿಸಿದಷ್ಟೂ ಊರು ನನ್ನನ್ನು ಸಂತೈಸಿತು. ಗೆಳೆಯನಿಗೆ ಕೊಟ್ಟ ಮಾತು ಕಣ್ಣೆದುರೇ ನೀರುಪಾಲಾಗುತ್ತಿತ್ತು.

ಆಗ ಅತ್ತಿಗೆಯ ಫೋನು.

"ನೀವು ಹೇಳಿದ್ದು ಸರಿ. ಶುದ್ಧ ಸ್ವಾರ್ಥಿ ಅವರು. ಒಬ್ಬರಿಗೂ ಉಪಕಾರ ಮಾಡಿದವರಲ್ಲ."

ಸದ್ಯ, ಒಬ್ಬರಾದರೂ ಸಿಕ್ಕರು ಅಂತ ನಿಟ್ಟುಸಿರು ಬಿಡಬೇಕಿತ್ತು. ಬಾಯಿ ನನ್ನ ಮಾತು ಕೇಳಲಿಲ್ಲ.

"ಅತ್ತಿಗೇ, ಏನು ಹೀಗಂತೀರಿ! ನನ್ನ ಕೆಲಸ ಹೋದಾಗ ದಿನಾ ಬೆಳಿಗ್ಗೆ ಫೋನ್ ಮಾಡಿ, 'ಬಾರೋ, ನನ್ನ ಬೈಯೋಕೆ ಒಬ್ಬ ಬೇಕು' ಅಂತ ಇಲ್ಲಿಗೆ ಕರೀತಿದ್ದ. ಏಳು ತಿಂಗಳು! ಮನೇಲಿ ಕೂತು ಕೊರಗಬಾರದು ಅಂತ. ನನಗೆ ಗೊತ್ತಿತ್ತು. ಗೊತ್ತಿಲ್ಲದವನ ಹಾಗೆ ಇದ್ದೆ."

"ಹೇಡಿ," ಅಂದರು ಅತ್ತಿಗೆ.

"ಹೇಡಿನಾ? ತಾನು ತಪ್ಪು ಹೇಳಿದಾಗೆಲ್ಲ ಇದೇ ಮೈಕಲ್ಲಿ ಕ್ಷಮೆ ಕೇಳಿದವನು ಅವನು!"

ಹೀಗೆ ಹನ್ನೊಂದು ನಿಮಿಷ. ಗಾಜಿನಾಚೆ ಕೂತ ತಂತ್ರಜ್ಞೆ ಕಣ್ಣೊರೆಸಿಕೊಂಡದ್ದು ನೋಡಿದ ಮೇಲೇ ನನಗೆ ಅರಿವಾಯಿತು: ಅವನನ್ನು ಹೊಗಳುತ್ತಿದ್ದೆ. ಅಳುತ್ತಲೂ ಇದ್ದೆ.

"ಸಾಕು," ಅಂದರು ಅತ್ತಿಗೆ. ದನಿ ಮೆತ್ತಗಾಗಿತ್ತು. "ಇದರಲ್ಲಿ ಒಂದು ಮಾತಾದ್ರೂ ಅವರಿಗೆ ಹೇಳಿದ್ರಾ? ಮನೆಗೆ ಬಂದು, 'ಅವನಿಗೆ ನಾನಂದ್ರೆ ಇಷ್ಟವೋ ಇಲ್ಲವೋ' ಅಂತ ನನ್ನ ಕೇಳೋರು. ನನಗೂ ಗೊತ್ತಿರಲಿಲ್ಲ. ಇವತ್ತು ಗೊತ್ತಾಯ್ತು." ಫೋನು ಇಟ್ಟರು.

ನಾನು ಮೂಗು ಒರೆಸಿಕೊಳ್ಳುವಷ್ಟರಲ್ಲಿ ಫೋನಿನ ಇನ್ನೊಂದು ದೀಪ ಹತ್ತಿತು.

"ನಾನು ರೀ." ನನ್ನ ಹೆಂಡತಿ. "ಇಷ್ಟೊಂದು ಒಳ್ಳೇ ಮಾತು ನಿಮ್ಮ ಹೊಟ್ಟೇಲಿತ್ತಾ? ನಾನಿನ್ನೂ ಬದುಕಿದೀನಿ. ನನ್ನ ಬಗ್ಗೆ ಒಂದು ಹೇಳಿ, ಕೇಳೋಣ."

ಇಡೀ ಊರು ಕಿವಿಗೊಟ್ಟಿತ್ತು. ಬಾಯಿ ತೆರೆದೆ. "ನೀನು... ಅಂದರೆ... ಎಲ್ಲರಿಗೂ ಗೊತ್ತಿರೋ ಹಾಗೆ..."

ಸ್ಟುಡಿಯೋದ ಆರೂ ಫೋನ್ ಲೈನುಗಳ ದೀಪಗಳು ಒಟ್ಟಿಗೆ ಉರಿದವು. ಉಳಿದ ಇಪ್ಪತ್ತು ನಿಮಿಷವೂ ಊರಿನ ಹೆಂಗಸರು ಸರದಿಯ ಮೇಲೆ ಬೈದರು. ಅವನನ್ನಲ್ಲ.