ಸೋಂದಾ ಕ್ರಾಸಿನ ಎರಡನೆಯವ

ಸಂದೇಶ ಫೋನಿನಲ್ಲಿ ಅತ್ತೆಗೆ ಹೇಳಿದ್ದು ಒಂದೇ ಒಂದು ಸುಳ್ಳು, ರೇಸಿನಲ್ಲಿ ತಾನೇ ಮುಂದಿರುತ್ತೇನೆಂದು. "ಸೋಂದಾ ಕ್ರಾಸಲ್ಲಿ ನಿಂತ್ಕ ಅತ್ತೆ. ಎಲ್ಲರಿಗಿಂತ ಮುಂದೆ ಬಪ್ಪವ ಆನೇ."

ಪುಣೆಯ ಕಂಪನಿಯೊಂದು ಅವನಿಗೆ ಸಂಬಳ ಕೊಟ್ಟು ಸೈಕಲ್ ತುಳಿಸುತ್ತಿದ್ದುದು ಗೆಲ್ಲಲಿಕ್ಕಲ್ಲ. ತಂಡದ ನಾಯಕನಿಗೆ ಗಾಳಿ ಹೊಡೆಯದಂತೆ ಮುಂದೆ ತುಳಿಯುವುದು, ಹಿಂದೆ ಬರುವ ಕಾರಿನಿಂದ ಅವನಿಗೆ ನೀರು ತಂದುಕೊಡುವುದು, ಇಷ್ಟೇ ಅವನ ನೌಕರಿ. ತಾಯಿಯಿಲ್ಲದ ತನ್ನನ್ನು ಸಾಕಿದ ದೇವಕ್ಕತ್ತೆಗೆ ಇದನ್ನು ಹೇಳಲು ಅವನಿಗೆ ನಾಚಿಕೆ.

೨೦೦೩ರ ಚಳಿಗಾಲದ ಒಂದು ಭಾನುವಾರ ಯಲ್ಲಾಪುರದಿಂದ ಶಿರಸಿ ಹಾದು ಸಿದ್ದಾಪುರಕ್ಕೆ ರೇಸು. ಮಂಚಿಕೇರಿ ದಾಟುವಾಗ ಸಂದೇಶ ಕಾರಿನವರೆಗೆ ಹಿಂದೆ ಸರಿದು, ಬಾಟಲಿಗಳನ್ನೆಲ್ಲ ಅಂಗಿಯೊಳಗೆ ತುರುಕಿಕೊಂಡು, ಕಾಯಿ ಬಿಟ್ಟ ಹಲಸಿನ ಮರದಂತೆ ಉಬ್ಬಿಕೊಂಡು ಮರಳಿ ಬಂದ. ಬಾಟಲಿ ಹಂಚುತ್ತ ನಾಯಕನನ್ನು ಹಿಂದಿಯಲ್ಲಿ ಬೇಡಿಕೊಂಡ: "ಅತ್ತೆ ಕಾಯುತ್ತಿದ್ದಾಳೆ. ಸ್ವಲ್ಪ ದೂರ ಮುಂದೆ ಹೋಗಲೇ?"

ಪಂಜಾಬಿ ನಾಯಕ ನಕ್ಕ. "ಹೋಗು. ಕಾಲಿಗೆ ಬಿದ್ದು ಬೇಗ ವಾಪಸು ಬಾ."

ಸಂದೇಶ ಗುಂಪು ಬಿಟ್ಟು ಹಾರಿದ. ರಸ್ತೆ ಖಾಲಿ. ರೇಸಿನಲ್ಲಿ ಮೊದಲ ಸಲ ಅವನ ಕಣ್ಣೆದುರು ಯಾರ ಬೆನ್ನೂ ಇರಲಿಲ್ಲ. ಅದೇ ಅವನ ತಲೆ ಕೆಡಿಸಿತು.

ಕ್ರಾಸಿನಲ್ಲಿ ಊರೇ ನೆರೆದಿತ್ತು. ಅತ್ತೆ ಪಾನಕದ ಲೋಟ ಹಿಡಿದು ರಸ್ತೆಗಿಳಿದಳು. ಸಂದೇಶ ಬ್ರೇಕಿಗೆ ಬೆರಳಿಟ್ಟ. ನಿಂತರೆ ಈ ಅವಕಾಶ ಹೋಯಿತು. ಗೆದ್ದು ಬಂದೇ ಕಾಲಿಗೆ ಬೀಳೋಣ ಎನಿಸಿತು. ಪಕ್ಕಕ್ಕೆ ವಾಲಿ ನುಗ್ಗಿದ. ಪಾನಕ ಅತ್ತೆಯ ಸೀರೆಯ ಮೇಲೆ ಚೆಲ್ಲಿತು. ನಾಯಕನನ್ನೂ ಮರೆತ.

ಶಿರಸಿ ಪೇಟೆಯಲ್ಲಿ ಜನ ಎರಡೆರಡು ಬೆರಳು ತೋರಿಸಿದರು. ವಿಜಯದ ಚಿಹ್ನೆಯೆಂದು ತಿಳಿದು ಇವನೂ ಎರಡು ಬೆರಳು ತೋರಿಸಿದ. ಜನ ಬಿದ್ದು ಬಿದ್ದು ನಕ್ಕರು.

ಸಿದ್ದಾಪುರದಲ್ಲಿ ಕೈಯೆರಡೂ ಮೇಲೆತ್ತಿ ಗೆರೆ ದಾಟಿದ. ವೇದಿಕೆಯ ಮೆಟ್ಟಿಲಲ್ಲಿ ಕೊಲ್ಹಾಪುರದ ಹುಡುಗನೊಬ್ಬ ಸೇವಂತಿಗೆ ಮಾಲೆ ಹಾಕಿಕೊಂಡು ಚಹಾ ಕುಡಿಯುತ್ತಿದ್ದ. ಸಂದೇಶ ನೀರು ತರಲು ಹೋದಾಗಲೇ ಅವನು ಗುಂಪಿನಿಂದ ತಪ್ಪಿಸಿಕೊಂಡು ಮುಂದೆ ಹೋಗಿದ್ದ. ಇತ್ತ ನಾಯಕನ ಗಾಲಿ ಪಂಕ್ಚರಾಗಿ, ತನ್ನ ಗಾಲಿ ಬಿಚ್ಚಿಕೊಡಬೇಕಾದ ಸಂದೇಶನೇ ಇಲ್ಲದೆ ಅವನು ರಸ್ತೆಬದಿಯಲ್ಲಿ ಕೂತಿದ್ದ. ಮ್ಯಾನೇಜರ್ ಹೆಚ್ಚು ಮಾತಾಡಲಿಲ್ಲ. "ನಾಳೆಯಿಂದ ಬರಬೇಡ."

ಸಂಜೆ ಬಸ್ಸಿಳಿದು ಮನೆಗೆ ಬಂದಾಗ ಅತ್ತೆ ಜಗಲಿಯಲ್ಲೇ ಇದ್ದಳು. ಮುಖ ಅರಳಿತ್ತು.

"ಬಂದ್ಯ ತಮಾ. ನೀ ನಿಲ್ತ್ಯ ಇಲ್ಯ ಹೇಳಿ ಪಕ್ಕದ್ಮನೆ ರಘುಪತಿ ಬಿದಿರ ಗಳ ಅಡ್ಡ ಹಿಡದಿದ್ದ. ನೀ ಮಾಲೆ ಹಾಕಿಸ್ಕ್ಯಂಡೆ, ಪಾನಕ ಕುಡದೆ. ಒಂದು ಮಾತಾದ್ರೂ ಆಡಕಾಗಿತ್ತು. ಬರೀ ಕೈ ಮುಗದು ಹೋದೆ."

ಸಂದೇಶನಿಗೆ ಸಿದ್ದಾಪುರದ ಮೆಟ್ಟಿಲಲ್ಲಿ ಕಂಡ ಸೇವಂತಿಗೆ ಮಾಲೆ ನೆನಪಾಯಿತು. ಟೊಪ್ಪಿ, ಕಪ್ಪು ಕನ್ನಡಕ ಹಾಕಿದರೆ ಎಲ್ಲರೂ ಒಂದೇ. ಮುಂದೆ ಬರುವವನೇ ತಾನೆಂದು ಹೇಳಿದವನೂ ತಾನೇ.

"ನಿನ್ನ ಹಿಂದೆ ಇನ್ನೊಬ್ಬ ಬಂದ," ಅತ್ತೆ ಸೀರೆಯ ಕಲೆ ತೋರಿಸಿದಳು. "ಪಾಪ, ಎರಡನೆಯವ ಹೇಳಿ ಅವಂಗೂ ಒಂದು ಲೋಟ ತೆಗೆದಿಟ್ಟಿದ್ದೆ. ನಿಂತಿದ್ನೇ ಇಲ್ಲೆ. ಅವಂಗೆ ಮನೇಲಿ ಬುದ್ಧಿ ಹೇಳವು ಯಾರೂ ಇಲ್ಯ ಎಂತೋ."

ಸಂದೇಶ ಬಗ್ಗಿ ಅವಳ ಕಾಲು ಮುಟ್ಟಿದ. ತಲೆಯೆತ್ತದೆ ಹೇಳಿದ:

"ಹೇಳವು ಇದ್ದ ಅತ್ತೆ. ಅವನೇ ಕೇಳ್ತ್ನಿಲ್ಲೆ."