ಸಾಯೋದೇ ಕಸುಬಾದ ಅಂಕಲ್

ನಮ್ಮ ಪಕ್ಕದ ಮನೆ ಅಂಕಲ್ ಎಷ್ಟು ಸಲ ಸತ್ತಿದ್ದಾರೆ ಅನ್ನೋದು ಅವರಿಗೇ ನೆನಪಿಲ್ಲ. ಗಾಬರಿಯಾಗಬೇಡಿ, ಅದು ಅವರ ಕಸುಬು. ಜರ್ಮನಿಯ ಸಿನಿಮಾ, ಟೀವಿ ಧಾರಾವಾಹಿಗಳಲ್ಲಿ ಜೀವಮಾನವಿಡೀ ಸಣ್ಣಪುಟ್ಟ ಪಾತ್ರ ಮಾಡಿದವರು. ಬ್ಯಾಂಕ್ ಗುಮಾಸ್ತ, ಹೋಟೆಲ್ ಮಾಲೀಕ, ಜಿಪುಣ ಮಾವ, ಯಾವ ವೇಷವಾದರೂ ಸರಿ, ಪತ್ತೇದಾರ ಬರೋ ಹೊತ್ತಿಗೆ ಇವರು ನೆಲದ ಮೇಲೆ ಮಲಗಿರಬೇಕು. ಅಲ್ಲಿ ಬೀದೀಲಿ ಜನ ತಡೆದು, "ನೀವು ಹೋದ ವಾರ ಸತ್ತಿರಲಿಲ್ವಾ?" ಅಂತ ಕೇಳೋರಂತೆ. ಹೆಸರು ಮಾತ್ರ ಯಾರಿಗೂ ಗೊತ್ತಿರಲಿಲ್ಲವಂತೆ.

ಆಂಟಿ ಇಲ್ಲಿನವರೇ, ನಾವು ಕನ್ನಡಿಗರು ವಲಸೆ ಬಂದಿರೋ ಈ ದೇಶದಲ್ಲೇ ಹುಟ್ಟಿದವರು. ವಯಸ್ಸಾದ ಮೇಲೆ ನಮ್ಮೂರಿಗೆ ಹೋಗೋಣ ಅಂದ್ರಂತೆ, ಇಬ್ಬರೂ ಬಂದು ನಮ್ಮ ಬಡಾವಣೆ ಹೆಂಡರ್ಸನ್‌ನಲ್ಲಿ ನೆಲೆಸಿದ್ರು. ನೆಲೆಸಿದ್ದು ಆಂಟಿ ಮಾತ್ರ ಅನ್ನಿ. ಅಂಕಲ್‌ಗೆ ಕೂತಲ್ಲಿ ಕೂರೋಕೆ ಆಗಲ್ಲ. ನಮ್ಮನೆಗೆ ಕಾಫಿಗೆ ಬಂದರೆ, ಮುಖಕ್ಕೆ ಎಲ್ಲಿ ಬೆಳಕು ಚೆನ್ನಾಗಿ ಬೀಳುತ್ತೆ ಅಂತ ಕುರ್ಚಿಯಿಂದ ಕುರ್ಚಿಗೆ ಓಡಾಡಿ, ಕಾಫಿ ಆರಿದ ಮೇಲೆ ಎದ್ದು ಹೋಗ್ತಾರೆ. ಸಾಯೋ ಅಭ್ಯಾಸವನ್ನೂ ಬಿಟ್ಟಿಲ್ಲ. ಒಂದು ಬೆಳಗ್ಗೆ ಲಾನ್ ಮೇಲೆ ಬಿದ್ದಿದ್ದವರನ್ನು ನೋಡಿ ಪಾರ್ಸೆಲ್ ತಂದ ಹುಡುಗಿ ಆಂಬ್ಯುಲೆನ್ಸ್ ಕರೆಸಿಬಿಟ್ಟಳು. ಸಾಮಾನು ತರೋಕೆ ನಮ್ಮ ದೇಶದವರ ಅಂಗಡಿಗಳಿರೋ ಸ್ಯಾಂಡ್ರಿಂಗಮ್‌ಗೆ ಕರ್ಕೊಂಡು ಹೋದರೆ, ಅಂಗಡಿಯವನು ಬಾಯಿಮಾತಿಗೆ, "ವಿಷ ಕುಡಿದ್ರೆ ಹೇಗೆ ಬೀಳ್ತೀರಿ?" ಅಂದ. ಬಿದ್ದೇಬಿಟ್ರು, ತೊಗರಿಬೇಳೆ ಚೀಲಗಳ ಮೇಲೆ.

"ಇವರನ್ನ ಇನ್ನೊಂದು ಸಲ ಕರ್ಕೊಂಡು ಬರಬೇಡಿ ಅಕ್ಕ," ಅಂದ ಅವನು, ಮುಖಕ್ಕೆ ನೀರು ಚಿಮುಕಿಸ್ತಾ.

ಇಂಥ ಕಲಾವಿದರು ಬೇಲಿಯಾಚೆ ಇರುವಾಗ ನಮ್ಮ ಕನ್ನಡ ಸಂಘದವರು ಬಿಡ್ತಾರಾ? ರಾಜ್ಯೋತ್ಸವಕ್ಕೆ ನಾನು ಬರೆದ ನಾಟಕದಲ್ಲಿ ಒಬ್ಬ ಬ್ರಿಟಿಷ್ ಕಲೆಕ್ಟರ್ ಇದ್ದ. ಪ್ರತಿ ಸಲ ಇಂಥ ಪಾತ್ರಕ್ಕೆ ಮೈಸೂರಿನ ಯಾರಿಗಾದರೂ ಪೌಡರ್ ಬಳೀತಿದ್ವಿ. ಈ ಸಲ ಅಸಲಿ ಬಿಳಿಯರೇ ಸಿಕ್ಕರು. ಜರ್ಮನ್ ಆದರೇನು, ಹ್ಯಾಟ್ ಹಾಕಿದರೆ ಯಾರಿಗೆ ಗೊತ್ತಾಗುತ್ತೆ? ಕೊನೇ ದೃಶ್ಯದಲ್ಲಿ ನಾಯಕ, ಅಂದರೆ ನನ್ನ ಗಂಡ, ರಟ್ಟಿನ ಕತ್ತಿಯಿಂದ ಅವನನ್ನು ಕೊಲ್ಲಬೇಕು.

ಅಂಕಲ್ ಕನ್ನಡ ಮಾತುಗಳನ್ನೆಲ್ಲ ಉರು ಹೊಡೆದರು. ಆದರೆ ದಿನಾ ಬೇಲಿ ಹತ್ತಿರ ಬಂದು ಇಂಗ್ಲಿಷಲ್ಲಿ ಒಂದೇ ಗೋಳು.

"ಈ ಸಲ ನಾನು ಬದುಕಿಕೊಂಡ್ರೆ ಆಗಲ್ವಾ?"

"ನೀವು ಬದುಕಿದ್ರೆ ನಮಗೆ ಸ್ವಾತಂತ್ರ್ಯ ಹೇಗೆ ಬರುತ್ತೆ ಅಂಕಲ್?"

"ಗಾಯ ಮಾಡಿ ಬಿಟ್ಟುಬಿಡಿ. ಓಡಿಹೋಗ್ತೀನಿ."

ನನ್ನ ಗಂಡ ಕೆಂಡವಾದ. "ವರ್ಷವೆಲ್ಲ ಆಫೀಸಲ್ಲಿ ಸೇತುವೆ ಡ್ರಾಯಿಂಗ್ ತಿದ್ದೀ ತಿದ್ದೀ ಸಾಕಾಗಿದೆ ಕಣೇ. ಒಂದು ಕೊಲೆ ಮಾಡೋಕೂ ಬಿಡಲ್ವಾ?"

ಕಾರಣ ಗೊತ್ತಾದದ್ದು ಕೊನೇ ರಿಹರ್ಸಲ್‌ನಲ್ಲಿ. ನನ್ನ ಪಕ್ಕ ಕೂತಿದ್ದ ಆಂಟಿ, ಕತ್ತಿ ಮೇಲೆದ್ದ ಕೂಡಲೇ ಬ್ಯಾಗ್ ಹಿಡಿದು ಹೊರಗೆ ಹೋದರು. ನಾನೂ ಹಿಂದೆ ಹೋದೆ. "ಇವರ ಒಂದು ಸಿನಿಮಾನೂ ನಾನು ಕೊನೇವರೆಗೆ ನೋಡಿಲ್ಲ," ಅಂದರು. "ಸುಳ್ಳು ಅಂತ ಗೊತ್ತು. ಆದರೂ ನೋಡೋಕಾಗಲ್ಲ, ಎದ್ದುಹೋಗಿ ಟೀ ಮಾಡ್ತೀನಿ. ಪಾಪ, ಒಂದು ಸಲ ಪೂರ್ತಿ ನೋಡು ಅಂತ ಕೇಳ್ತಾನೇ ಇರ್ತಾರೆ."

ಒಳಗೆ ಬಂದು ಇದನ್ನು ಗಂಡನಿಗೆ ಹೇಳಿದೆ. ಅವನು ಕತ್ತಿಗೆ ಬೆಳ್ಳಿ ಬಣ್ಣ ಹಚ್ಚುತ್ತಿದ್ದ, ತಲೆ ಎತ್ತಲಿಲ್ಲ. ಮಾರನೇ ದಿನವೇ ನಾಟಕ, ದೃಶ್ಯ ಬದಲಿಸೋಕೆ ಹೊತ್ತಿರಲಿಲ್ಲ.

ಮಾರನೇ ದಿನ ಹಾಲ್ ತುಂಬಿತ್ತು. ಕತ್ತಿ ಬೀಸಿದ್ದಾಯಿತು. ಅಂಕಲ್ ಎದೆ ಹಿಡಿದುಕೊಂಡರು, ತೂರಾಡಿದರು, ಮಂಡಿ ಊರಿದರು. "ಡೈ, ಅಂಕಲ್, ಡೈ!" ಅಂತ ಮಕ್ಕಳ ಗಲಾಟೆ. ಮುಂದಿನ ಸಾಲಿನಿಂದ ಆಂಟಿ ಎದ್ದು ಬಾಗಿಲ ಕಡೆ ಹೊರಟೇಬಿಟ್ಟಿದ್ದರು. ಅಂಕಲ್ ಅದನ್ನು ನೋಡಿದರು. ನಿಧಾನವಾಗಿ ಎದ್ದು ನಿಂತು, ಹ್ಯಾಟ್ ಸರಿಮಾಡಿಕೊಂಡು, ಹಾಲ್ ಪೂರ್ತಿ ಕೇಳುವಂತೆ, "ಪರವಾಗಿಲ್ಲ, ಸ್ವಲ್ಪ ತರಚಿದೆ ಅಷ್ಟೇ," ಅಂದುಬಿಟ್ಟರು.

ಆ ಮಾತು ನಾನು ಬರೆದದ್ದಲ್ಲ. ಗಂಡನ ಕಡೆ ನೋಡಿದೆ. ಕತ್ತಿ ಕೆಳಗಿಳಿಸಿ ಮುಸಿಮುಸಿ ನಗ್ತಿದ್ದ. ಆ ಕನ್ನಡ ಮಾತು ಹೇಳಿಕೊಟ್ಟೋರು ಯಾರು ಅಂತ ಗೊತ್ತಾಯಿತು.

ಆಂಟಿಗೆ ಕನ್ನಡ ಬರಲ್ಲ. ಆದರೆ ಇಷ್ಟು ಹೊತ್ತಿಗೆ ಸತ್ತಿರಬೇಕಾಗಿದ್ದ ಗಂಡನ ದನಿ ಕೇಳಿ ಬಾಗಿಲಲ್ಲೇ ತಿರುಗಿದರು. ವಾಪಸ್ ಬಂದು ತಮ್ಮ ಜಾಗದಲ್ಲಿ ಕೂತು, ಬ್ಯಾಗನ್ನು ನೆಲದ ಮೇಲಿಟ್ಟರು. ನನಗೆ ಕಣ್ಣು ತುಂಬಿಬಂತು. ಒಂದು ಗಳಿಗೆ ಒಂದು ಕಡೆ ನಿಲ್ಲದ ಆ ಮನುಷ್ಯ, ಪರದೆ ಬೀಳೋವರೆಗೂ ಆಂಟಿಯನ್ನೇ ನೋಡ್ತಾ, ಅಲ್ಲಾಡದೆ ನಿಂತಿದ್ದರು.