ಬಿದಾಯು ಮಾತಾಡುವ ಮಾವ

ನಮ್ಮ ಸೋದರಮಾವನಿಗೆ ತಲೆ ಕೆಟ್ಟಿದೆ ಎಂದು ಮಲ್ಲಿಪಟ್ಟಣದಲ್ಲಿ ಯಾರೂ ಹೇಳುವುದಿಲ್ಲ. ಎಲ್ಲರಿಗೂ ಗೊತ್ತಿರುವುದನ್ನು ಬಾಯಿಬಿಟ್ಟು ಹೇಳುವುದು ಯಾಕೆ?

ಬೋರ್ನಿಯೊ ದ್ವೀಪದ ಎಣ್ಣೆತಾಳೆ ತೋಟದಲ್ಲಿ ಹನ್ನೆರಡು ವರ್ಷ ಟ್ರ್ಯಾಕ್ಟರ್ ಓಡಿಸಿ ಬಂದವರು ಅವರು. ಹೊರದೇಶಕ್ಕೆ ಹೋದವರೆಲ್ಲ ಟಿವಿ, ಕಂಬಳಿ ತಂದರೆ ಇವರು ತಂದದ್ದು ಬಿದಾಯು ಎಂಬ ಗುಡ್ಡಗಾಡು ಜನರ ಭಾಷೆ. "ಬಾಯ್ತುಂಬ ಬಾಸೆ ತಂದವ್ನೆ, ಬೇಯ್ಸ್ಕೊಂಡ್ ಉಣ್ಣಣ" ಎಂದು ನಮ್ಮಮ್ಮ, ಅಂದರೆ ಅವರ ಅಕ್ಕ, ವರ್ಷಗಟ್ಟಲೆ ಹಂಗಿಸಿದರು.

ಮಾವ ಎಮ್ಮೆಯನ್ನು ಬೈಯುತ್ತಿದ್ದದ್ದೂ ಬಿದಾಯುವಿನಲ್ಲೇ. ನಾವು ಕನ್ನಡದಲ್ಲಿ ಬೈದರೆ ಅದು ಕಿವಿಯನ್ನೂ ಅಲ್ಲಾಡಿಸುತ್ತಿರಲಿಲ್ಲ. ಹಳೇಕೋಟೆಯಲ್ಲಿ ಒಂದು ಮದುವೆ ಊಟಕ್ಕೆ ಕೂತಾಗ ಬೀಗರಿಗೂ ಪಾಠ ಶುರುವಾಯಿತು. ಅರಕಲಗೂಡಿನವನ ಮಾತು ಹೊಳೆನರಸೀಪುರದವನಿಗೆ ತಿಳಿಯುತ್ತದೆ. ಬೋರ್ನಿಯೊದಲ್ಲಾದರೆ ಒಂದು ಗುಡ್ಡ ದಾಟಿದರೆ ಅದೇ ಬಿದಾಯು ಬೇರೆಯೇ ಆಗಿ, ಗಂಡಿನ ಕಡೆಯವರ ಮಾತು ಹೆಣ್ಣಿನ ಕಡೆಯವರಿಗೆ ಅರ್ಥವಾಗುವುದಿಲ್ಲವಂತೆ. "ಪುಣ್ಯವಂತ್ರು ಬುಡಿ, ಜಗಳನೇ ಇರಕಿಲ್ಲ" ಎಂದರು ಬೀಗರು.

ಭಾನುವಾರ ಮಾತ್ರ ಮಾವನ ಮಾತಿಗೆ ಉತ್ತರ ಬರುತ್ತಿತ್ತು. ತೋಟದಲ್ಲಿ ಜೊತೆಗೆ ದುಡಿದ ಮುದುಕರೊಬ್ಬರು ಫೋನು ಮಾಡುತ್ತಿದ್ದರು. ಅವರ ಮಕ್ಕಳೆಲ್ಲ ಪಟ್ಟಣ ಸೇರಿ ಮಲಯ ಭಾಷೆಗೆ ತಿರುಗಿದ್ದರಿಂದ, ತಮ್ಮ ಗುಡ್ಡದ ಮಾತು ಆಡಲು ಅವರಿಗೆ ಅರಕಲಗೂಡು ತಾಲ್ಲೂಕೇ ಗತಿ!

ಕಳೆದ ವರ್ಷ ಒಂದು ಭಾನುವಾರ ಆ ಮುದುಕರ ಬದಲು ಅವರ ಮಗಳು ಫೋನಿನಲ್ಲಿ ಮಾತಾಡಿದಳು. ಅಪ್ಪನನ್ನು ಮಣ್ಣು ಮಾಡಿ ಮೂರು ದಿನವಾಯಿತಂತೆ. ಮಾವ ನೇರ ಕ್ಷೌರದಂಗಡಿಗೆ ಹೋಗಿ ತಲೆ ಬೋಳಿಸಲು ಹೇಳಿದರು. ಯಾರು ಹೋದರು ಎಂದು ಕೇಳಿದರೆ "ಅಣ್ಣ" ಎಂದರಂತೆ. ಮಾವನಿಗೆ ಅಣ್ಣನೇ ಇಲ್ಲವೆಂದು ಬಲ್ಲ ಕ್ಷೌರಿಕ ತಲೆಗೆ ನೀರು ಹಚ್ಚಿ ಕತ್ತಿ ಹಿಡಿದನಂತೆ.

ಹನ್ನೊಂದನೇ ದಿನ ಬಿದಿರ ಕೊಳವೆಯಲ್ಲಿ ಕೋಳಿ ಬೇಯಿಸಿ ಎಡೆ ಇಟ್ಟರು. ನೆಂಟರು ಯಾರೂ ಬರಲಿಲ್ಲ. ಅಕ್ಕಪಕ್ಕದವರು ಬೇಲಿಯಾಚೆ ನಿಂತು ನಕ್ಕು ಹೋದರು. ಸುಳ್ಳೇಕೆ, ನಾನೂ ನಗು ತಡೆದುಕೊಂಡೇ ಕೂತಿದ್ದೆ. ಮಾವ ಎಡೆಯ ಮುಂದೆ ಬಿದಾಯುವಿನಲ್ಲಿ ಏನೋ ಹೇಳಿದರು. ಆಮೇಲೆ ಅಮ್ಮನ ಕಡೆ ತಿರುಗಿ, "ಇನ್ ಯಾರ್ ಜೊತೆ ಆಡ್ಲಿ ಅಕ್ಕ?" ಎಂದರು.

ಅಮ್ಮ ಬಂದು ಊಟದ ಎಲೆಯ ಮುಂದೆ ಕೂತರು. ಲೋಟ ಮುಂದಕ್ಕೆ ತಳ್ಳಿ ಕೇಳಿದರು: "ನೀರ್ಗೆ ಏನಂತಾರ್ಲಾ?"

"ಪಿಇನ್."

"ಪೀನು."

"ಅಂಗಲ್ಲ ಕಣಕ್ಕ. ಮಧ್ಯ ಒಸಿ ತಡೀಬೇಕು."

ಅಮ್ಮ ಮತ್ತೆ ಹೇಳಿದರು, ಮಾವ ಮತ್ತೆ ತಿದ್ದಿದರು. ನಾಲ್ಕನೇ ಸಲಕ್ಕೆ ಮಾವ ತಂಬಿಗೆ ಎತ್ತಿ ನೀರು ಬಡಿಸಿದರು.